ನೂರು ರಾತ್ರಿ ಕೂಗಬಾರದು

ಏಡಿ ವಸೇವಾಳ ಕಾಲಿನ ಹೆಬ್ಬೆರಳನ್ನು ಕಚ್ಚಿ ಹಿಡಿದಿತ್ತು. ಅವಳು ಕೂಗಲಿಲ್ಲ.

ಕಣ್ಣು ಉಬ್ಬಿತು. ಕೆನ್ನೆ ಉಬ್ಬಿತು. ಮುಖ ಬದನೆಕಾಯಿಯ ಬಣ್ಣಕ್ಕೆ ತಿರುಗಿತು. ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡು ಒಂಟಿ ಕಾಲಲ್ಲಿ ಮರಳ ಮೇಲೆ ಮೂರು ಸುತ್ತು ಕುಣಿದಳು. ಏಡಿಯೂ ಕುಣಿಯಿತು.

ತೆಂಗಿನ ಮರದ ಹಿಂದಿನಿಂದ ಸೆಮಿಸಿ ಹೊರಗೆ ಬಂದ. ನಗು ತಡೆಯಲು ಅಂಗಿಯ ತುದಿಯನ್ನು ಬಾಯಿಗೆ ತುರುಕಿಕೊಂಡಿದ್ದ.

“ಕೂಗೇ, ಪರವಾಗಿಲ್ಲ,” ಎಂದು ಪಿಸುಗುಟ್ಟಿದ. “ಪಾಪ, ನೋವಾಗ್ತಿದೆ ಅಲ್ವಾ? ಒಂದೇ ಒಂದು ಸಲ ಕೂಗಿಬಿಡು.”

“ಈ ಏಡೀನ ನಿನ್ನ ಮೂಗಿಗೆ ಬಿಡ್ತಿದ್ದೆ,” ಎಂದು ವಸೇವಾ ಪಿಸುಗುಟ್ಟಿದಳು. “ಆದ್ರೆ ಪಾಪ, ಏಡಿ ಏನು ತಪ್ಪು ಮಾಡಿದೆ?”

ಸೆಮಿಸಿ, ಎಲ್ಲರ ಬಾಯಲ್ಲಿ ಸೆಮಿ, ಅವಳ ಸೋದರಮಾವನ ಮಗ. ಮಾವನ ಮಗ ಎಷ್ಟು ಕಾಡಿದರೂ ಸಿಟ್ಟು ಮಾಡಿಕೊಳ್ಳುವಂತಿಲ್ಲ. ಬೇಕಾದರೆ ತಿರುಗಿ ಕಾಡಬಹುದು. ಊರಿನ ಪದ್ಧತಿ ಅದು.

ಊರಿನ ದೊಡ್ಡ ಯಜಮಾನರು ತೀರಿಹೋಗಿ ಇಪ್ಪತ್ತಾರು ದಿನವಾಗಿತ್ತು. ಅವರಿಗಾಗಿ ಊರು ನೂರು ರಾತ್ರಿ ಸದ್ದಿಲ್ಲದೆ ಇರಬೇಕು. ಕೂಗುವಂತಿಲ್ಲ, ಹಾಡುವಂತಿಲ್ಲ, ಜೋರಾಗಿ ಜಗಳವಾಡುವಂತಿಲ್ಲ. ಚರ್ಚಿನ ಮುಂದಿನ ಮರದ ಡೋಲನ್ನು ಬಡಿಯುವಂತಿಲ್ಲ. ಹಾಗಾಗಿ ಪ್ರಾರ್ಥನೆಗೆ ಕೆಲವರು ಏಳಕ್ಕೆ ಬರುತ್ತಿದ್ದರು, ಕೆಲವರು ಒಂಬತ್ತಕ್ಕೆ. ಇನ್ನು ಕೆಲವರು ಸರಿಯಾಗಿ ಊಟದ ಹೊತ್ತಿಗೆ. ಶಾಲೆಯಲ್ಲಿ ಗಂಟೆಯ ಬದಲು ಹೆಡ್‌ಮಾಸ್ಟರು ಬಾಗಿಲಲ್ಲಿ ನಿಂತು ಕೆಂಪು ಟವೆಲ್ ಬೀಸುತ್ತಿದ್ದರು. ಆ ಹೊತ್ತಿಗೆ ಮಕ್ಕಳಿಗೆಲ್ಲ ಸಮುದ್ರದ ಕಡೆ ನೋಡುವ ಕೆಲಸ ಇರುತ್ತಿತ್ತು.

ನಿಜ ಹೇಳಬೇಕೆಂದರೆ, ದೊಡ್ಡ ಯಜಮಾನರು ಬದುಕಿದ್ದಾಗ ಒಂದು ಗಳಿಗೆ ಸುಮ್ಮನಿದ್ದವರಲ್ಲ. ಚರ್ಚಿನಲ್ಲಿ ಅವರ ಗೊರಕೆ ಶುರುವಾದರೆ ಪಾದ್ರಿಗಳು ಉಪದೇಶ ನಿಲ್ಲಿಸಿ ಕಾಯುತ್ತಿದ್ದರು. ಈಗ ಅವರ ಹೆಸರಿನಲ್ಲಿ ಊರೆಲ್ಲ ಪಿಸಪಿಸ.

ಕಟ್ಟಳೆ ಮುರಿದವರ ಮನೆಯಿಂದ ಒಂದು ದೊಡ್ಡ ಹಂದಿ ದಂಡ.

ವಸೇವಾಳ ಮನೆಯಲ್ಲಿದ್ದದ್ದು ಒಂದೇ ಹಂದಿ. ಹೆಸರು ಮಿನಿಸ್ಟರ್. ಅದರ ಹೊಟ್ಟೆ ದೊಡ್ಡದು, ಕೆಲಸ ಮಾಡುವುದಿಲ್ಲ, ಯಾರಾದರೂ ಊಟ ತಂದುಕೊಡಲಿ ಎಂದು ಕಾಯುತ್ತಾ ಮಲಗಿರುತ್ತದೆ. ಅದಕ್ಕೇ ನೆಮಾನಿ ಅಜ್ಜ ಆ ಹೆಸರಿಟ್ಟಿದ್ದ. ಬೆರಳುದ್ದದ ಮರಿಯಾಗಿದ್ದಾಗಿನಿಂದ ಅದಕ್ಕೆ ತೆಂಗಿನ ತುರಿ ತಿನ್ನಿಸಿ ಬೆಳೆಸಿದವಳು ವಸೇವಾ. ಬೆರಳುದ್ದ ಎಂದರೆ ಸ್ವಲ್ಪ ಹೆಚ್ಚಾಯಿತು. ಮೊಳದುದ್ದ ಎನ್ನಿ.

ಕಷ್ಟವೇನೆಂದರೆ, ಊರಿನಲ್ಲಿ ಎಲ್ಲರಿಗಿಂತ ದೊಡ್ಡ ಗಂಟಲು ವಸೇವಾಳದು.

ಅದು ಅವಳ ಹೆಮ್ಮೆಯೂ ಆಗಿತ್ತು. ನಾಲ್ಕು ವರ್ಷದಿಂದ ಸೆಮಿಯ ಅಪ್ಪ ತೊಮಾಸಿ ಮಾವನ ದೋಣಿಯ ಮುಂದಿನ ತುದಿಯಲ್ಲಿ ನಿಂತು ಡಾಲ್ಫಿನ್‌ಗಳನ್ನು ಕರೆಯುವುದು ಅವಳ ಕೆಲಸ. ಊರ ಭಾಷೆಯಲ್ಲಿ ಡಾಲ್ಫಿನ್ ಎಂದರೆ ಬಬಾಲೆ. “ಬಬಾಲೇ... ಓ ಬಬಾಲೇ...” ಎಂದು ಅವಳು ಕೂಗಿದರೆ ಹವಳದ ದಿಬ್ಬದ ಒಳಗಿನಿಂದ ಬೂದು ಬೆನ್ನುಗಳು ಒಂದೊಂದಾಗಿ ಎದ್ದು ಬರುತ್ತಿದ್ದವು. ಟೂರಿಸ್ಟರು ಮೊದಲು ಡಾಲ್ಫಿನ್‌ಗಳ ಫೋಟೊ ತೆಗೆಯುತ್ತಿದ್ದರು, ಆಮೇಲೆ ಅವಳದು.

“ನೀನು ಕೂಗಿದ್ದಕ್ಕೆ ಅವು ಬರಲ್ಲ ಕಣೇ,” ಎಂದ ಸೆಮಿ, ಏಡಿಯನ್ನು ಅವಳ ಬೆರಳಿನಿಂದ ಬಿಡಿಸುತ್ತಾ. “ನಿನ್ನ ದನಿ ಕೇಳಿ ಹತ್ತಿರ ಬರೋ ಪ್ರಾಣಿ ಅಂದ್ರೆ ಮಿನಿಸ್ಟರ್ ಒಂದೇ. ಅದಕ್ಕೆ ಊಟ ಬೇಕು.”

“ನನ್ನ ಕೂಗಿಗೇ ಬರೋದು.”

“ಹಾಗಾದ್ರೆ ನಾಳೆ ನೋಡೋಣ. ನಾಳೆ ನೀನು ಕೂಗೋ ಹಾಗಿಲ್ಲ. ಅವು ಬರದಿದ್ರೆ ನೀನು ಗೆದ್ದೆ. ಬಂದ್ರೆ, ಒಂದು ವಾರ ನನ್ನ ಶಾಲೆ ಸುಲು ಒಗೀಬೇಕು.”

ಸುಲು ಎಂದರೆ ಹುಡುಗರು ಶಾಲೆಗೆ ಉಟ್ಟುಕೊಂಡು ಹೋಗುವ ಪಂಚೆ. ಸೆಮಿಯ ಸುಲುವನ್ನು ಬಿಸಿಲಲ್ಲಿ ನಿಲ್ಲಿಸಿದರೆ ತಾನೇ ನಿಲ್ಲುತ್ತದೆ ಎಂದು ತರಗತಿಯಲ್ಲಿ ಎಲ್ಲರೂ ಹೇಳುತ್ತಿದ್ದರು.

“ನಾನು ಗೆದ್ರೆ?”

“ಗೆದ್ರೆ ನನ್ನ ಹತ್ತಿರ ಏನಿದೆ ಕೊಡೋಕೆ? ಎಲ್ಲಾ ಆಗಲೇ ಕಿತ್ಕೊಂಡಿದ್ದೀಯಲ್ಲ.”

ಅದೂ ನಿಜವೇ. ತಂಗಿಯ ಮಕ್ಕಳು ಸೋದರಮಾವನ ಮನೆಯಲ್ಲಿ ಯಾವ ವಸ್ತುವಿನ ಮೇಲಾದರೂ ಕೈಯಿಟ್ಟು ‘ಇದು ನನಗೆ’ ಎಂದರೆ ಮಾವ ಇಲ್ಲ ಎನ್ನುವಂತಿಲ್ಲ. ಆ ಹಕ್ಕಿನಿಂದ ವಸೇವಾ ಈ ವರ್ಷ ಸೆಮಿಯ ರಗ್ಬಿ ಚೆಂಡು, ಟಾರ್ಚು, ಮತ್ತು ಅರ್ಧ ತಿಂದ ಬಿಸ್ಕತ್ತಿನ ಪ್ಯಾಕೆಟ್ಟು ಪಡೆದಿದ್ದಳು.

*

ಶನಿವಾರ ಬೆಳಿಗ್ಗೆ ದೋಣಿಯಲ್ಲಿ ಟೂರಿಸ್ಟರು ಇರಲಿಲ್ಲ. ಸುವಾ ನಗರದ ಯೂನಿವರ್ಸಿಟಿಯಿಂದ ಮಕೆರೆಟಾ ಮಿಸ್ ಬಂದಿದ್ದರು. ಅವರ ಹತ್ತಿರ ಒಂದು ಪೆಟ್ಟಿಗೆ, ಒಂದು ಹೆಡ್‌ಫೋನು, ಉದ್ದನೆಯ ವೈರಿನ ತುದಿಯಲ್ಲಿ ಒಂದು ಕಪ್ಪು ಮೈಕು ಇದ್ದವು. ಡಾಲ್ಫಿನ್‌ಗಳ ಮಾತು ಕೇಳಲು ಬಂದಿದ್ದೇನೆ ಎಂದರು.

ಹವಳದ ದಿಬ್ಬದವರೆಗೂ ಊರಿನ ಕಟ್ಟಳೆಯೇ. ದೋಣಿಯಲ್ಲೂ ಪಿಸುಮಾತು. ಎಂಜಿನ್ ಮಾತ್ರ ಬಡಬಡ ಎನ್ನಬಹುದು. ಎಂಜಿನ್ ಸದ್ದು ಕೂಗು ಅಲ್ಲ ಎಂದು ಹಿರಿಯರು ಸಭೆ ಸೇರಿ ತೀರ್ಮಾನಿಸಿದ್ದರು. ಪೇಟೆಗೆ ಹೋಗಲು ಅವರಿಗೂ ದೋಣಿ ಬೇಕಲ್ಲ.

ವಸೇವಾ ದೋಣಿಯ ತುದಿಯಲ್ಲಿ ತುಟಿ ಬಿಗಿಹಿಡಿದು ನಿಂತಳು. ಬರಬೇಡಿ, ಬರಬೇಡಿ ಎಂದು ಮನಸ್ಸಿನಲ್ಲೇ ಬೇಡಿಕೊಂಡಳು. ನಾಲ್ಕು ವರ್ಷದಲ್ಲಿ ಅವಳು ಹಾಗೆ ಬೇಡಿಕೊಂಡದ್ದು ಇದೇ ಮೊದಲು.

ಮೊದಲು ಒಂದು ಬೆನ್ನು ಕಾಣಿಸಿತು. ಆಮೇಲೆ ಐದು. ಆಮೇಲೆ ಎಣಿಸಲಾಗಲಿಲ್ಲ. ದೋಣಿಯ ಮುಂದೆ ಏಳುವ ಅಲೆಯ ಮೇಲೆ ಡಾಲ್ಫಿನ್‌ಗಳು ದಿನದ ಹಾಗೆಯೇ ಜಾರಿದವು, ಹೊರಳಿದವು. ಒಂದಂತೂ ಮೇಲಕ್ಕೆ ಹಾರಿ ಬುಗುರಿಯ ಹಾಗೆ ತಿರುಗಿ ಬಿತ್ತು. ಅವಳ ಮುಖಕ್ಕೆ ನೀರೂ ಹಾರಿಸಿತು.

ಸೆಮಿ ಎರಡು ಬೆರಳು ಎತ್ತಿ ತೋರಿಸಿದ.

“ಏನದು?”

“ಎರಡು ಸುಲು ಇವೆ. ಒಂದರಲ್ಲಿ ಮೊನ್ನೆ ಮೀನು ಕಟ್ಕೊಂಡು ಬಂದಿದ್ದೆ.”

ಮಾವ ದಿಬ್ಬದ ಒಳಗೆ ಲಂಗರು ಇಳಿಸಿ ಎಂಜಿನ್ ನಿಲ್ಲಿಸಿದ. ಮಿಸ್ ಮೈಕನ್ನು ನೀರಿಗೆ ಬಿಟ್ಟರು. ವಸೇವಾ ಅವರ ಪಕ್ಕಕ್ಕೆ ಸರಿದು ಕೂತಳು.

“ಮಿಸ್, ನಾನು ನಾಲ್ಕು ವರ್ಷ ಕೂಗಿದ್ದು ಅವಕ್ಕೆ ಕೇಳಿಸ್ತಿತ್ತಾ?”

ಮಿಸ್ ಅವಳ ಮುಖ ನೋಡಿದರು. “ನಿಜ ಹೇಳ್ಲಾ, ಸಮಾಧಾನ ಹೇಳ್ಲಾ?”

“ಸಮಾಧಾನ,” ಎಂದಳು. ಒಂದು ಗಳಿಗೆ ಬಿಟ್ಟು, “ಬೇಡ, ನಿಜ ಹೇಳಿ.”

“ಗಾಳೀಲಿ ಕೂಗಿದ್ದು ನೀರೊಳಗೆ ಹೋಗೋದು ತುಂಬಾ ಕಡಿಮೆ. ಚಪ್ಪಟೆ ಕಲ್ಲು ಎಸೆದ್ರೆ ನೀರ ಮೇಲೆ ಜಿಗಿದು ಆಚೆ ಹೋಗುತ್ತಲ್ಲ, ಹಾಗೆ ಸದ್ದೂ ಮೇಲಿಂದ್ಲೇ ಹೋಗಿಬಿಡುತ್ತೆ. ಅವು ಬರೋದು ದೋಣಿ ಮುಂದಿನ ಅಲೆ ಮೇಲೆ ಆಡೋಕೆ. ದೋಣಿ ಬರೋದು ಎಂಜಿನ್ ಸದ್ದಿಂದ್ಲೇ ಅವಕ್ಕೆ ಗೊತ್ತಾಗುತ್ತೆ.”

ಹಿಂದೆ ಸೆಮಿ ಕೆಮ್ಮಿದ. ಕೆಮ್ಮು ಬಂದಿರಲಿಲ್ಲ.

ಮಿಸ್ ಹೆಡ್‌ಫೋನನ್ನು ಅವಳ ಕಿವಿಗೆ ಹಾಕಿದರು. ಮೊದಮೊದಲು ಎಣ್ಣೆಯಲ್ಲಿ ಒಗ್ಗರಣೆ ಸಿಡಿದ ಹಾಗೆ ಚಿಟಪಟ. ಅದು ಹವಳದ ಸಂದಿಯ ಸಿಗಡಿಗಳ ಸದ್ದು ಎಂದರು ಮಿಸ್. ಡಾಲ್ಫಿನ್‌ಗಳು ಸುಮ್ಮನಿದ್ದವು.

“ರಾತ್ರಿಯೆಲ್ಲ ಆಳಸಮುದ್ರದಲ್ಲಿ ಬೇಟೆ ಆಡಿ ಬಂದಿವೆ. ಈಗ ನಿದ್ದೆ. ಅದೂ ಒಂದು ಸಲಕ್ಕೆ ಅರ್ಧ ಮಿದುಳು ಮಾತ್ರ ಮಲಗೋದು. ಇನ್ನರ್ಧ ಈಜ್ತಾ ಇರುತ್ತೆ.”

“ಸೆಮೀನೂ ಹಾಗೇ ಮಿಸ್. ಆದ್ರೆ ಇನ್ನರ್ಧ ಎಲ್ಲಿದೆ ಅಂತ ಮೇಷ್ಟ್ರಿಗೆ ಇನ್ನೂ ಗೊತ್ತಾಗಿಲ್ಲ.”

ಆಗ ಕೇಳಿಸಿತು. ಟಿಕ್. ಟಿಕ್. ಟಿಕ್ ಟಿಕ್ ಟಿಕ್. ಬರಬರುತ್ತಾ ಅದು ಎಷ್ಟು ಬೇಗವಾಯಿತೆಂದರೆ, ಹಳೆಯ ಬಾಗಿಲನ್ನು ಎಳೆದಾಗಿನ ಕಿರ್‌ರ್ ಸದ್ದಿನ ಹಾಗಾಯಿತು. ಒಂದು ಡಾಲ್ಫಿನ್ ಮರಿ ಮೈಕಿನ ಹತ್ತಿರ ಬಂದು ಮೂತಿ ಚಾಚಿ ನಿಂತಿತ್ತು.

“ಏನು ಮಾಡ್ತಿದೆ ಅದು?”

“ನಿಮ್ಮ ಮನೆ ಮಳೆನೀರಿನ ಟ್ಯಾಂಕಲ್ಲಿ ನೀರೆಷ್ಟಿದೆ ಅಂತ ಹೇಗೆ ನೋಡ್ತೀಯ?”

“ಬಡೀತೀನಿ. ಖಾಲಿ ಇದ್ರೆ ಢಂ ಅನ್ನುತ್ತೆ. ತುಂಬಿದ್ರೆ ದಪ್ಪ ಸದ್ದು.”

“ಇದೂ ಬಡೀತಿದೆ. ಕೈ ಇಲ್ಲ, ಅದಕ್ಕೆ ಸದ್ದನ್ನೇ ಎಸೆಯುತ್ತೆ. ಹಣೆಯಿಂದ ಹೊರಡುತ್ತೆ. ತಾಗಿದ್ದಕ್ಕೆ ತಾಗಿ ವಾಪಸ್ ಬಂದಾಗ ಕೆಳದವಡೆಯಿಂದ ಕೇಳಿಸ್ಕೊಳ್ಳುತ್ತೆ. ಕಗ್ಗತ್ತಲಲ್ಲಿ ಮೀನು ಎಷ್ಟು ದೂರ, ಎಷ್ಟು ದೊಡ್ಡದು ಅಂತ ಅದಕ್ಕೆ ಹಾಗೇ ಗೊತ್ತಾಗೋದು.”

ವಸೇವಾ ಮರಿಯನ್ನೇ ನೋಡಿದಳು. ಅದು ಒಂದು ಸಲ ಟಿಕ್ ಎನ್ನುತ್ತಿತ್ತು. ಆಮೇಲೆ ಸುಮ್ಮನಿದ್ದು, ವಾಪಸ್ ಬರುವುದನ್ನು ಕಾಯುತ್ತಿತ್ತು. ಆಮೇಲೆ ಇನ್ನೊಂದು ಟಿಕ್. ಅವಳು ಕೂಗಿ ಕಾದದ್ದು ಯಾವಾಗ ಎಂದು ನೆನಪು ಮಾಡಿಕೊಳ್ಳಲು ನೋಡಿದಳು. ನೆನಪಾಗಲಿಲ್ಲ.

*

ಹೊರಡುವ ಹೊತ್ತಿಗೆ ಲಂಗರು ಏಳಲಿಲ್ಲ. ಹವಳಕ್ಕೆ ಸಿಕ್ಕಿಕೊಂಡಿತ್ತು. ತೊಮಾಸಿ ಮಾವ ಅಂಗಿ ಬಿಚ್ಚಿ, ಹಗ್ಗ ಹಿಡಿದುಕೊಂಡು ನೀರಿಗಿಳಿದ. ಲಂಗರು ದೋಣಿಯಿಂದ ಹತ್ತು ಹದಿನೈದು ಮಾರು ಆಚೆಗಿತ್ತು. ಮಿಸ್ ಹೆಡ್‌ಫೋನ್ ಹಾಕಿಕೊಂಡು ಕಣ್ಣು ಮುಚ್ಚಿ ಕೂತಿದ್ದರು.

ಆಗ ಸ್ಪೀಡ್‌ಬೋಟ್ ಬಂತು.

ಎಲ್ಲಿಯದೋ ಏನೋ, ದಿಬ್ಬದ ಸಂದಿಯಿಂದ ಒಳಗೆ ನುಗ್ಗಿ ನೇರವಾಗಿ ಬರುತ್ತಿತ್ತು. ದೋಣಿಗೆ ತಾಗುವ ಹಾಗಿರಲಿಲ್ಲ, ಪಕ್ಕದಲ್ಲಿ ಹೋಗುತ್ತಿತ್ತು. ಪಕ್ಕ ಎಂದರೆ, ಮಾವ ಉಸಿರಿಗಾಗಿ ತಲೆ ಎತ್ತುವ ಜಾಗ.

ಸೆಮಿ ಎದ್ದು ನಿಂತ. ಅಂಗಿ ಕಿತ್ತು ಬೀಸಿದ. ಆಮೇಲೆ ಕೂಗಿದ. ಕಟ್ಟಳೆ, ದಂಡ, ದೊಡ್ಡ ಯಜಮಾನರು ಎಲ್ಲ ಮರೆತು, ಗಂಟಲು ಹರಿಯುವ ಹಾಗೆ ಕೂಗಿದ.

“ಅಪ್ಪಾ! ಅಪ್ಪಾ! ಮೇಲೆ ಬರಬೇಡ!”

ಸ್ಪೀಡ್‌ಬೋಟಿನವನು ಆ ಕಡೆ ತಿರುಗಲೂ ಇಲ್ಲ. ವಸೇವಾಳ ಬಾಯಿಯೂ ತೆರೆದಿತ್ತು. ಕೂಗು ನಾಲಿಗೆಯ ತುದಿಗೆ ಬಂದಿತ್ತು. ಆದರೆ ಚಪ್ಪಟೆ ಕಲ್ಲು ನೀರ ಮೇಲೆ ಜಿಗಿಯುತ್ತಾ ಆಚೆ ಹೋಗುವುದು ಅವಳ ಕಣ್ಣಿಗೆ ಕಟ್ಟಿತು.

ಕಾಲ ಬಳಿ ಕತ್ತಿ ಬಿದ್ದಿತ್ತು. ಎಂಜಿನ್ನಿನ ಸ್ಪ್ಯಾನರ್ ಬಿದ್ದಿತ್ತು. ಎರಡನ್ನೂ ಬಾಚಿಕೊಂಡು ದೋಣಿಯ ಅಂಚಿಗೆ ಬೋರಲು ಬಿದ್ದು, ಕೈಗಳನ್ನು ಹೆಗಲವರೆಗೆ ನೀರಿಗಿಳಿಸಿ ಬಡಿದಳು. ಕೆನ್ನೆ, ಕಿವಿ ಎಲ್ಲ ನೀರಿನಲ್ಲಿ. ಟಿಣ್ ಟಿಣ್ ಟಿಣ್ ಟಿಣ್.

ಮಿಸ್ ಅಯ್ಯೋ ಎಂದು ಹೆಡ್‌ಫೋನ್ ಕಿತ್ತೆಸೆದರು.

ಸ್ಪೀಡ್‌ಬೋಟ್ ಹಾದುಹೋಯಿತು. ಅದರ ಹಿಂದೆ ಬಿಳಿ ನೊರೆ ಉಳಿಯಿತು. ನೊರೆಯಲ್ಲಿ ಏನೂ ಇರಲಿಲ್ಲ. ಸೆಮಿ ಅಂಗಿಯನ್ನು ಎದೆಗೆ ಒತ್ತಿಕೊಂಡು ನಿಂತಿದ್ದ.

ಆಮೇಲೆ ನೊರೆಯ ನಡುವೆ ಮಾವನ ತಲೆ ಎದ್ದಿತು. ಕೆಮ್ಮಿದ, ಉಗಿದ, ಹೋದ ಬೋಟಿನವನ ಅಜ್ಜ ಮುತ್ತಜ್ಜರನ್ನೆಲ್ಲ ಮೆಲ್ಲಗೆ ಪಿಸುಮಾತಿನಲ್ಲಿ ಬೈದ.

“ಎಂಜಿನ್ ಸದ್ದು ಕೇಳಿಸ್ತಿತ್ತು,” ಎಂದ, ದೋಣಿ ಹತ್ತಿದ ಮೇಲೆ. “ನೀರೊಳಗೆ ಅದು ಯಾವ ಕಡೆಯಿಂದ ಬರ್ತಿದೆ ಅಂತ ಗೊತ್ತಾಗಲ್ಲ. ದೂರ ಇರಬೇಕು ಅಂತ ಮೇಲೆ ಬರ್ತಿದ್ದೆ. ಅಷ್ಟರಲ್ಲಿ ಟಿಣ್ ಟಿಣ್. ಈ ಹುಡುಗಿಗೆ ಹುಚ್ಚು ಹಿಡೀತಾ ಅಂತ ತಲೆ ಎತ್ತಿ ನೋಡ್ತೀನಿ, ನೆತ್ತಿ ಮೇಲೆ ಬೋಟು. ಹಗ್ಗ ಹಿಡ್ಕೊಂಡು ಅಲ್ಲೇ ನಿಂತೆ. ಇನ್ನೊಂದು ಗಳಿಗೆ ಆಗಿದ್ರೆ ಸಮುದ್ರ ಅರ್ಧ ಖಾಲಿ ಮಾಡ್ತಿದ್ದೆ.”

ಸೆಮಿಯ ಕೂಗಿನ ಬಗ್ಗೆ ಮಾವ ಒಂದು ಮಾತೂ ಆಡಲಿಲ್ಲ. ಅದು ಅವನಿಗೆ ಕೇಳಿಸಿಯೇ ಇರಲಿಲ್ಲ. ಮಿಸ್‌ಗೂ ಕೇಳಿಸಿರಲಿಲ್ಲ. ದೋಣಿಯಲ್ಲಿ ಕೇಳಿಸಿದ್ದು ವಸೇವಾಳಿಗೆ ಮಾತ್ರ.

ಸೆಮಿ ಅವಳ ಕಡೆ ನೋಡಿದ. ಊರು ಮುಟ್ಟುವವರೆಗೆ ಒಂದು ಸಲವೂ ಕಾಡಲಿಲ್ಲ. ಅವನ ಮನೆಯಲ್ಲಿ ಇದ್ದದ್ದೂ ಒಂದೇ ದೊಡ್ಡ ಹಂದಿ, ಆರು ದಿನದ ಏಳು ಮರಿಗಳ ತಾಯಿ.

*

ಸಂಜೆ ವಸೇವಾ ಇದ್ದ ಅಜ್ಜನ ಮನೆಯ ಚಾಪೆಯ ಮೇಲೆ ಎಲ್ಲರೂ ಊಟಕ್ಕೆ ಕೂತಿದ್ದರು. ಮರಗೆಣಸು, ತೆಂಗಿನ ಹಾಲಿನಲ್ಲಿ ಬೇಯಿಸಿದ ಮೀನು. ಮಾವನ ಮನೆಯವರೂ ಬಂದಿದ್ದರು. ಅಷ್ಟರಲ್ಲಿ ಊರ ಮುಖಂಡ ಇಲೈಸಾ ಒಳಗೆ ಬಂದು ಕೂತರು. ಊಟಕ್ಕೆ ಬನ್ನಿ ಎಂದದ್ದಕ್ಕೆ ಬೇಡ ಎಂದು, ಒಂದು ಮೀನು ತೆಗೆದುಕೊಂಡರು.

“ದಿಬ್ಬದ ಕಡೆಯಿಂದ ಬೆಳಿಗ್ಗೆ ಒಂದು ಕೂಗು ಕೇಳಿಸ್ತಂತೆ,” ಎಂದು ಪಿಸುಗುಟ್ಟಿದರು. “ಗಾಳ ಹಾಕ್ತಿದ್ದವರು ಮೂರು ಜನ ಹೇಳಿದ್ರು.”

ಎಲ್ಲರ ಕಣ್ಣೂ ವಸೇವಾಳ ಕಡೆ ತಿರುಗಿತು. ಊರಿನಲ್ಲಿ ಅಂಥ ಗಂಟಲು ಇನ್ನಾರಿಗಿದೆ?

“ಕೂಗಿದ್ದು ನೀನೇನಾ, ಮಗಳೇ?”

ವಸೇವಾ ಬಾಯಿ ತೆರೆದಳು. ಹೊರಗೆ ಮಿನಿಸ್ಟರ್ ಗುರ್ ಎಂದಿತು. ಎದುರಿಗೆ ಸೆಮಿ ತಟ್ಟೆಯಲ್ಲಿದ್ದ ಮರಗೆಣಸನ್ನು ಪುಡಿ ಪುಡಿ ಮಾಡುತ್ತಿದ್ದ. ಅವನ ಕಿವಿಗಳು ಕೆಂಪಾಗಿದ್ದವು.

ಅವಳು ಬಾಯಿ ಮುಚ್ಚಿದಳು.

“ನಾನು ಅಲ್ಲೇ ಇದ್ದೆ,” ಎಂದ ಮಾವ. “ನನಗೆ ಯಾವ ಕೂಗೂ ಕೇಳಿಸಿಲ್ಲ.”

“ನೀನು ನೀರೊಳಗಿದ್ಯಂತಲ್ಲ.”

“ಹೌದು. ಅದಕ್ಕೇ ಕೇಳಿಸಿಲ್ಲ ಅಂತಿರೋದು.”

ಇಲೈಸಾ ನಿಟ್ಟುಸಿರು ಬಿಟ್ಟರು. ಅಜ್ಜ ಯಾರ ಮುಖವನ್ನೂ ನೋಡದೆ ಮಿನಿಸ್ಟರನ್ನು ಕಟ್ಟುವ ಹಗ್ಗ ತರಲು ಎದ್ದ.

ವಸೇವಾ ಚಾಪೆಯ ಎಳೆ ಕೀಳುತ್ತಾ ಕೂತಿದ್ದಳು. ಟಿಕ್ ಎಂದ ಮೇಲೆ ಕಾಯುವುದು ಇಷ್ಟು ಕಷ್ಟವೆಂದು ಅವಳಿಗೆ ಗೊತ್ತಿರಲಿಲ್ಲ.

ಸೆಮಿ ಏನೋ ಅಂದ.

“ಏನು? ಸ್ವಲ್ಪ ಜೋರಾಗಿ ಹೇಳು,” ಎಂದರು ಇಲೈಸಾ.

“ಜೋರಾಗಿ ಹೇಳೋ ಹಾಗಿಲ್ಲ,” ಎಂದ ಸೆಮಿ. “ಕೂಗಿದ್ದು ನಾನು.”

ಸೆಮಿಯ ತಾಯಿ ಲಿಟಿಯಾ ಅತ್ತೆ ಎದೆಯ ಮೇಲೆ ಕೈಯಿಟ್ಟುಕೊಂಡಳು. ಮಾವ ಮಗನನ್ನೇ ನೋಡಿದ, ತುಂಬಾ ಹೊತ್ತು. ತನ್ನನ್ನು ಕರೆದದ್ದು ಈಗ ಕೇಳಿಸಿತೇನೋ ಎಂಬ ಹಾಗೆ.

“ಅಪ್ಪನ್ನ ಉಳಿಸೋಕೆ ಕೂಗಿದೆ, ಸರಿ,” ಎಂದರು ಇಲೈಸಾ. ಕೈಯಲ್ಲಿದ್ದ ಮೀನನ್ನು ತಿರುಗಿ ತಟ್ಟೆಗೆ ಹಾಕಿದರು. “ಆದ್ರೆ ಕಟ್ಟಳೆ ಕಟ್ಟಳೆಯೇ. ಒಂದು ಹಂದಿ.”

ವಸೇವಾ ಎದ್ದಳು. ಪಕ್ಕದ ಮಾವನ ಮನೆಯ ಹಂದಿಗೂಡಿಗೆ ಹೋಗಿ, ಏಳು ಮರಿಗಳಿಗೆ ಹಾಲೂಡಿಸುತ್ತಾ ಮಲಗಿದ್ದ ತಾಯಿಹಂದಿಯ ಬೆನ್ನ ಮೇಲೆ ಕೈಯಿಟ್ಟಳು. ಎಲ್ಲರೂ ಹಿಂದೆಯೇ ಬಂದಿದ್ದರು.

“ಮಾವ, ಇದು ನನಗೆ.”

“ತಗೊ,” ಎಂದ ಮಾವ. ಅವನು ಗೊಣಗದೆ ಕೊಟ್ಟದ್ದು ಇದೊಂದೇ.

ಇಲೈಸಾ ತಲೆ ಕೆರೆದುಕೊಂಡರು. ಕೂಗಿದ ಸೆಮಿಯ ಮನೆಯಲ್ಲಿ ಈಗ ದೊಡ್ಡ ಹಂದಿ ಇಲ್ಲ. ಎರಡು ಹಂದಿಯಿರುವ ವಸೇವಾ ಕೂಗಿಲ್ಲ. ನೀರಿನಲ್ಲಿ ಕತ್ತಿ ಬಡಿದದ್ದು ಕೂಗೇ? ಅದನ್ನು ಕೇಳಿದವರು ಒಬ್ಬ ಮಾವ, ಒಬ್ಬ ಮಿಸ್, ಉಳಿದವರು ಡಾಲ್ಫಿನ್‌ಗಳು. ಅವು ದೂರು ಕೊಟ್ಟಿರಲಿಲ್ಲ.

“ಕೋಳಿ ಇದೆಯಾ?” ಎಂದು ಕೊನೆಗೆ ಕೇಳಿದರು.

“ಇದೆ,” ಎಂದಳು ಲಿಟಿಯಾ ಅತ್ತೆ, ಅವರ ಮಾತು ಮುಗಿಯುವ ಮೊದಲೇ.

“ಸತ್ತವನಿಗೆ ಹಂದೀಗಿಂತ ಕೋಳೀನೇ ಇಷ್ಟ ಇತ್ತು,” ಎಂದ ಅಜ್ಜ, ಹಗ್ಗ ಸುತ್ತಿಡುತ್ತಾ. “ನಮ್ಮನೆಯದೇ ಮೂರು ಕದ್ದು ತಿಂದಿದ್ದಾನೆ.”

*

ಬೆಳಕು ಇನ್ನೂ ಸ್ವಲ್ಪ ಇತ್ತು. ವಸೇವಾ ದಡದ ಮೊಣಕಾಲುದ್ದ ನೀರಿನಲ್ಲಿ ಅಂಗಾತ ಮಲಗಿದ್ದಳು. ಕಿವಿ ನೀರಿನೊಳಗೆ, ಮೂಗು ಹೊರಗೆ. ಸಿಗಡಿಗಳ ಚಿಟಪಟ ಹೆಡ್‌ಫೋನ್ ಇಲ್ಲದೆಯೂ ಕೇಳಿಸುತ್ತಿತ್ತು. ಇಷ್ಟು ವರ್ಷ ಈ ನೀರಿನಲ್ಲಿ ಬಿದ್ದು ಹೊರಳಾಡಿದ್ದರೂ ಅದು ಅವಳಿಗೆ ಕೇಳಿಸಿರಲಿಲ್ಲ.

ತಲೆಯ ಹತ್ತಿರ ಎರಡು ಕಾಲು ಬಂದು ನಿಂತವು. ಸೆಮಿ. ಹೆಗಲ ಮೇಲೆ ಎರಡು ಕೊಳಕು ಸುಲು. ಅವನ ತುಟಿ ಅಲುಗುತ್ತಿತ್ತು. ಬೈಯುತ್ತಿದ್ದನೋ, ಹಂದಿ ವಾಪಸ್ ಕೇಳುತ್ತಿದ್ದನೋ, ಬೇರೆ ಏನಾದರೂ ಹೇಳುತ್ತಿದ್ದನೋ, ತಿಳಿಯಲಿಲ್ಲ. ವಸೇವಾ ಕಿವಿ ತೋರಿಸಿ ತಲೆ ಅಲ್ಲಾಡಿಸಿದಳು.

ಸೆಮಿ ಸುಲುಗಳನ್ನು ದಡಕ್ಕೆ ಎಸೆದ. ಆಮೇಲೆ ಕುಕ್ಕರಗಾಲಿನಲ್ಲಿ ಕೂತು, ಎರಡು ಕಲ್ಲು ಹೆಕ್ಕಿ, ನೀರಿನೊಳಗೆ ಕೈಯಿಟ್ಟು ಬಡಿದ.

ಟೊಕ್. ಟೊಕ್.

ಅದು ಚೆನ್ನಾಗಿ ಕೇಳಿಸಿತು. ವಸೇವಾ ಅದು ಪೂರ್ತಿ ಮುಗಿಯುವವರೆಗೆ ಕಾದಳು. ಆಮೇಲೆ ಮರಳಿನಲ್ಲಿ ಕೈಯಾಡಿಸಿ ತನಗೂ ಎರಡು ಕಲ್ಲು ಹುಡುಕಿಕೊಂಡಳು.